ಅತಿಥಿ ಉಪನ್ಯಾಸಕರು: ಮೈಸೂರಿನ ತರಗತಿಯಿಂದ ನ್ಯಾಯಾಲಯದವರೆಗೆ

ಅತಿಥಿ ಉಪನ್ಯಾಸಕರು ಎಂದರೆ ವಿಶ್ವವಿದ್ಯಾಲಯ ಮತ್ತು ಪದವಿ ಕಾಲೇಜುಗಳಲ್ಲಿ ಕಾಯಂ ಹುದ್ದೆಯಿಲ್ಲದೆ, ಒಂದು ಸೆಮಿಸ್ಟರಿಗೆ ಅಥವಾ ಒಂದು ಶೈಕ್ಷಣಿಕ ವರ್ಷಕ್ಕೆಂದು ನೇಮಕಗೊಂಡು, ಗೌರವಧನ ಪಡೆದು ಪಾಠ ಮಾಡುವವರು. ಕಾಲಕ್ಕೆ ತಕ್ಕಂತೆ ಇವರ ಹೆಸರು ಬದಲಾಗಿದೆ. ಅರೆಕಾಲಿಕ ಉಪನ್ಯಾಸಕ, ಹಂಗಾಮಿ ಉಪನ್ಯಾಸಕ, ಗುತ್ತಿಗೆ ಉಪನ್ಯಾಸಕ ಎಂಬವೆಲ್ಲ ಕಾನೂನಿನ ಕಣ್ಣಿಗೆ ಸ್ವಲ್ಪ ಸ್ವಲ್ಪ ಬೇರೆಯಾದ ಪದಗಳು. ವಿದ್ಯಾರ್ಥಿಗಳ ಮಟ್ಟಿಗೆ ಅವರೆಲ್ಲರೂ ‘ಸರ್’, ‘ಮೇಡಂ’ ಅಷ್ಟೆ. ಪಾಠ, ಕಿರುಪರೀಕ್ಷೆ, ಆಂತರಿಕ ಅಂಕ, ಪರೀಕ್ಷಾ ಕೊಠಡಿಯ ಮೇಲ್ವಿಚಾರಣೆ, ಮೌಲ್ಯಮಾಪನ ಎಲ್ಲವನ್ನೂ ಕಾಯಂ ಅಧ್ಯಾಪಕರಂತೆಯೇ ಮಾಡುವ ಇವರಿಗೆ ಬಡ್ತಿ ಇಲ್ಲ, ಪಿಂಚಣಿ ಇಲ್ಲ, ಮುಂದಿನ ವರ್ಷ ಕೆಲಸ ಇರುತ್ತದೆಂಬ ಭರವಸೆಯೂ ಇಲ್ಲ.

ಅತಿಥಿ ಎಂಬ ಮಾತಿಗೆ ನಮ್ಮ ಹಿರಿಯರು ಕೊಟ್ಟ ಅರ್ಥ, ಬರುವ ತಿಥಿ ಗೊತ್ತಿಲ್ಲದವನು ಎಂದು. ಎರಡು ದಿನ ಉಂಡು ಹೋಗುವ ಬಂಧುವಿಗೆ ಸಲ್ಲುವ ಮಾತು ಅದು. ಹದಿನೈದು ವರ್ಷ ಒಂದೇ ಕಾಲೇಜಿನಲ್ಲಿ ಒಂದೇ ವಿಷಯವನ್ನು ಕಲಿಸಿದವರನ್ನು ಆ ಮಾತಿನಿಂದ ಕರೆಯುವುದು ಭಾಷೆಗೂ ಅನ್ಯಾಯ, ಮನುಷ್ಯರಿಗೂ ಅನ್ಯಾಯ. ಸೇವಾ ಭದ್ರತೆಗಾಗಿ, ನ್ಯಾಯವಾದ ವೇತನಕ್ಕಾಗಿ ಇವರು ಬೀದಿಯಲ್ಲೂ ನ್ಯಾಯಾಲಯದಲ್ಲೂ ನಡೆಸಿರುವ ಹೋರಾಟವೇ ಈ ಲೇಖನದ ವಿಷಯ.

ಮೈಸೂರು ಮತ್ತು ಅದರ ಕಾಲೇಜುಗಳು

1916ರ ಜುಲೈ 27ರಂದು ನಾಲ್ವಡಿ ಕೃಷ್ಣರಾಜ ಒಡೆಯರ ಕಾಲದಲ್ಲಿ, ಸರ್ ಎಂ. ವಿಶ್ವೇಶ್ವರಯ್ಯನವರು ದಿವಾನರಾಗಿದ್ದಾಗ ಮೈಸೂರು ವಿಶ್ವವಿದ್ಯಾಲಯ ಆರಂಭವಾಯಿತು. ಬ್ರಿಟಿಷ್ ಆಳ್ವಿಕೆಯ ಪ್ರಾಂತಗಳ ಹೊರಗೆ, ದೇಶೀ ಸಂಸ್ಥಾನವೊಂದರಲ್ಲಿ ಹುಟ್ಟಿದ ಮೊದಲ ವಿಶ್ವವಿದ್ಯಾಲಯ ಅದು. ಕುವೆಂಪು ಕುಲಪತಿಗಳಾಗಿದ್ದ ಅವಧಿಯಲ್ಲಿ ರೂಪುಗೊಂಡ ಮಾನಸಗಂಗೋತ್ರಿ, ಕುಕ್ಕರಹಳ್ಳಿ ಕೆರೆಯ ಪಕ್ಕದಲ್ಲಿ ಸ್ನಾತಕೋತ್ತರ ವಿಭಾಗಗಳ ಊರಾಗಿ ಬೆಳೆಯಿತು. ಮಹಾರಾಜ ಕಾಲೇಜು, ಯುವರಾಜ ಕಾಲೇಜು ವಿಶ್ವವಿದ್ಯಾಲಯದ ಘಟಕ ಕಾಲೇಜುಗಳು. ಮಹಾರಾಣಿ ಕಾಲೇಜುಗಳು, ಕುವೆಂಪುನಗರದಂಥ ಬಡಾವಣೆಗಳ ಪ್ರಥಮ ದರ್ಜೆ ಕಾಲೇಜುಗಳು ಕಾಲೇಜು ಶಿಕ್ಷಣ ಇಲಾಖೆಗೆ ಸೇರಿದವು. ಇವಲ್ಲದೆ 1996ರಲ್ಲಿ ಸ್ಥಾಪನೆಯಾದ ಕರ್ನಾಟಕ ರಾಜ್ಯ ಮುಕ್ತ ವಿಶ್ವವಿದ್ಯಾಲಯ, ಗಂಗೂಬಾಯಿ ಹಾನಗಲ್ ಹೆಸರಿನ ಸಂಗೀತ ವಿಶ್ವವಿದ್ಯಾಲಯ, ಹಲವಾರು ಅನುದಾನಿತ ಮತ್ತು ಖಾಸಗಿ ಕಾಲೇಜುಗಳು ಈ ನಗರದಲ್ಲಿವೆ.

ಈ ವಿಂಗಡಣೆ ಇಲ್ಲಿ ಮುಖ್ಯ. ಅತಿಥಿ ಉಪನ್ಯಾಸಕರ ಮಾಲೀಕ ಯಾರು ಎಂಬುದರ ಮೇಲೆ ಅವರ ಸಂಬಳದ ಮೂಲವೂ, ದೂರು ಕೊಡುವ ಬಾಗಿಲೂ ತೀರ್ಮಾನವಾಗುತ್ತವೆ. ಸರ್ಕಾರಿ ಪದವಿ ಕಾಲೇಜಿನವರ ಗೌರವಧನ ರಾಜ್ಯದ ಖಜಾನೆಯಿಂದ ಬರುತ್ತದೆ, ಅದನ್ನು ಸರ್ಕಾರಿ ಆದೇಶ ನಿಗದಿ ಮಾಡುತ್ತದೆ. ಮಾನಸಗಂಗೋತ್ರಿಯ ವಿಭಾಗಗಳಲ್ಲಿ, ಘಟಕ ಕಾಲೇಜುಗಳಲ್ಲಿ ದುಡಿಯುವವರಿಗೆ ಹಣ ಕೊಡಬೇಕಾದ್ದು ವಿಶ್ವವಿದ್ಯಾಲಯದ ಆಂತರಿಕ ಸಂಪನ್ಮೂಲ, ಅಂದರೆ ಶುಲ್ಕ, ಪರೀಕ್ಷಾ ಹಣ, ಕಾಲೇಜುಗಳ ಸಂಯೋಜನೆಯ ಹಣ. ಹಿಂದೆ ಮೈಸೂರು, ಮಂಡ್ಯ, ಹಾಸನ, ಚಾಮರಾಜನಗರ ಜಿಲ್ಲೆಗಳ ಕಾಲೇಜುಗಳೆಲ್ಲ ಮೈಸೂರಿನ ಅಧೀನದಲ್ಲಿದ್ದವು. ಮಂಡ್ಯ, ಹಾಸನ, ಚಾಮರಾಜನಗರಗಳಲ್ಲಿ ಬೇರೆ ಬೇರೆ ವಿಶ್ವವಿದ್ಯಾಲಯಗಳಾದ ಮೇಲೆ ಆ ವರಮಾನ ಹರಿದು ಹೋಯಿತು. ನಿವೃತ್ತರ ಪಿಂಚಣಿಯ ಹೊರೆ ಮಾತ್ರ ಹಳೆಯ ಮನೆಯಲ್ಲೇ ಉಳಿಯಿತು. ಖಾಲಿಯಾದ ಕಾಯಂ ಹುದ್ದೆಗಳನ್ನು ತುಂಬಲು ಹಣಕಾಸು ಇಲಾಖೆಯ ಒಪ್ಪಿಗೆ ಬೇಕು. ಅದು ಬರುವವರೆಗೆ ತರಗತಿ ನಡೆಯಬೇಕು. ತರಗತಿ ನಡೆಸುವವರು ಅತಿಥಿಗಳು. ಗೌರವಧನ ತಿಂಗಳುಗಟ್ಟಲೆ ಬಾಕಿ ಬಿದ್ದಾಗ ಅವರು ವಿಶ್ವವಿದ್ಯಾಲಯದ ಆಡಳಿತ ಕಚೇರಿಯಾದ ಕ್ರಾಫರ್ಡ್ ಭವನದ ಮುಂದೆ ಬಂದು ಕೂತದ್ದು ನಗರದವರು ಮತ್ತೆ ಮತ್ತೆ ಕಂಡ ದೃಶ್ಯ.

ಇನ್ನೊಂದು ಸಂಗತಿಯನ್ನೂ ಇಲ್ಲೇ ಹೇಳಬೇಕು. ಪದವಿ ಕಾಲೇಜಿನ ಅಧ್ಯಾಪಕರಾಗಲು ಬೇಕಾದ ಅರ್ಹತೆಗಳಲ್ಲಿ ಒಂದಾದ ಕೆ-ಸೆಟ್ ಪರೀಕ್ಷೆಯನ್ನು 2021ರವರೆಗೆ ನಡೆಸುತ್ತಿದ್ದದ್ದು ಮೈಸೂರು ವಿಶ್ವವಿದ್ಯಾಲಯವೇ. ಆಮೇಲೆ ಅದು ಕರ್ನಾಟಕ ಪರೀಕ್ಷಾ ಪ್ರಾಧಿಕಾರದ ಕೈಗೆ ಹೋಯಿತು. ಇಡೀ ರಾಜ್ಯಕ್ಕೆ ಅರ್ಹತೆಯ ಪತ್ರ ಹಂಚಿದ ಊರಿನಲ್ಲೇ ಆ ಪತ್ರ ಹಿಡಿದವರು ವರ್ಷವರ್ಷವೂ ಹೊಸದಾಗಿ ಅರ್ಜಿ ಹಾಕುತ್ತ ಬಂದಿದ್ದಾರೆ.

ಕಾರ್ಯಭಾರ ಎಂಬ ಅಳತೆ

ಕಾಯಂ ಅಧ್ಯಾಪಕರನ್ನು ಹುದ್ದೆಗೆ ನೇಮಿಸುತ್ತಾರೆ, ಅತಿಥಿ ಉಪನ್ಯಾಸಕರನ್ನು ಕಾರ್ಯಭಾರಕ್ಕೆ ನೇಮಿಸುತ್ತಾರೆ. ಇಡೀ ವ್ಯಾಜ್ಯದ ತಿರುಳು ಈ ಒಂದು ವ್ಯತ್ಯಾಸದಲ್ಲಿದೆ. ಕಾಲೇಜಿನ ಒಟ್ಟು ಬೋಧನಾ ಗಂಟೆಗಳಲ್ಲಿ ಕಾಯಂ ಅಧ್ಯಾಪಕರ ಪಾಲನ್ನು ಕಳೆದು ಉಳಿದದ್ದೇ ಅತಿಥಿಗಳ ಪಾಲು. ವಿದ್ಯಾರ್ಥಿಗಳು ಕಡಿಮೆಯಾದರೆ, ಪಠ್ಯಕ್ರಮ ಬದಲಾದರೆ, ವರ್ಗಾವಣೆಯಾಗಿ ಯಾರಾದರೂ ಬಂದರೆ ಆ ಗಂಟೆಗಳು ಕರಗುತ್ತವೆ. 2021ರಲ್ಲಿ ರಾಷ್ಟ್ರೀಯ ಶಿಕ್ಷಣ ನೀತಿಯಡಿ ಬಂದ ನಾಲ್ಕು ವರ್ಷದ ಪದವಿಯನ್ನು 2024ರಲ್ಲಿ ರಾಜ್ಯ ಸರ್ಕಾರ ಕೈಬಿಟ್ಟು ಮೂರು ವರ್ಷದ ಪದವಿಗೆ ಮರಳಿತು. ನೀತಿಯ ಒಳಿತು ಕೆಡುಕಿನ ಚರ್ಚೆ ಪತ್ರಿಕೆಗಳಲ್ಲಿ ನಡೆಯಿತು. ಅತಿಥಿ ಉಪನ್ಯಾಸಕರು ಮಾತ್ರ ತಮ್ಮ ವಿಷಯಕ್ಕೆ ವಾರಕ್ಕೆ ಎಷ್ಟು ಗಂಟೆ ಉಳಿದೀತು ಎಂದು ಲೆಕ್ಕ ಹಾಕುತ್ತ ಕೂತರು.

ಸೆಮಿಸ್ಟರ್ ಮುಗಿದ ದಿನವೇ ನೇಮಕವೂ ಮುಗಿಯುತ್ತದೆ. ರಜೆಯ ತಿಂಗಳುಗಳಿಗೆ ಗೌರವಧನವಿಲ್ಲ. ಮುಂದಿನ ವರ್ಷ ಆನ್‌ಲೈನ್ ಅರ್ಜಿ, ಮೆರಿಟ್ ಪಟ್ಟಿ, ಕೌನ್ಸೆಲಿಂಗ್ ಎಲ್ಲ ಹೊಸದಾಗಿ ಆಗಬೇಕು. ಹೀಗೆ ಪ್ರತಿ ವರ್ಷ ಬೀಳುವ ಅಂತರ ಬರೀ ಮನೆಖರ್ಚಿನ ಕಷ್ಟವಲ್ಲ. ನ್ಯಾಯಾಲಯದಲ್ಲಿ ಹತ್ತು ವರ್ಷದ ನಿರಂತರ ಸೇವೆ ಎಂದು ವಾದಿಸಲು ನಿಂತಾಗ, ಸೇವೆ ಮುರಿದಿದೆ ಎಂದು ಎದುರು ಕಡೆಯವರು ಎತ್ತಿ ತೋರಿಸುವುದು ಈ ಅಂತರವನ್ನೇ.

ಬಾಗಿಲು ಯಾವುದು?

ಕಾರ್ಮಿಕ ನ್ಯಾಯಾಲಯದ ಬಾಗಿಲು ಅಧ್ಯಾಪಕರಿಗೆ ತೆರೆದಿಲ್ಲ. 1988ರಲ್ಲಿ ಸುಪ್ರೀಂ ಕೋರ್ಟ್ ಎ. ಸುಂದರಾಂಬಾಳ್ ಪ್ರಕರಣದಲ್ಲಿ, ಶಿಕ್ಷಣ ಸಂಸ್ಥೆಯನ್ನು ಉದ್ಯಮವೆಂದು ಪರಿಗಣಿಸಿದರೂ ಅಧ್ಯಾಪಕರು ಆಗ ಜಾರಿಯಲ್ಲಿದ್ದ 1947ರ ಕೈಗಾರಿಕಾ ವಿವಾದಗಳ ಕಾಯ್ದೆಯ ಅರ್ಥದಲ್ಲಿ ಕಾರ್ಮಿಕರಲ್ಲ ಎಂದು ತೀರ್ಮಾನಿಸಿತು. ಕಾರ್ಖಾನೆಯ ಗುತ್ತಿಗೆ ನೌಕರನಿಗೆ ಇರುವ ಸಂಧಾನಾಧಿಕಾರಿ, ಕಾರ್ಮಿಕ ನ್ಯಾಯಾಲಯ ಇವರಿಗಿಲ್ಲ. ಉಳಿದದ್ದು ಸಂವಿಧಾನದ 226ನೇ ವಿಧಿಯಡಿ ಹೈಕೋರ್ಟಿಗೆ ರಿಟ್ ಅರ್ಜಿ. ರಾಜ್ಯ ಸರ್ಕಾರಿ ನೌಕರರ ಸೇವಾ ತಕರಾರುಗಳು ಮೊದಲು ಕರ್ನಾಟಕ ಆಡಳಿತ ನ್ಯಾಯಮಂಡಳಿಗೆ ಹೋಗುತ್ತವೆ. ವಿಶ್ವವಿದ್ಯಾಲಯ ಸ್ವಾಯತ್ತ ಸಂಸ್ಥೆಯಾದ್ದರಿಂದ ಅಲ್ಲಿನವರು ನೇರ ಹೈಕೋರ್ಟಿಗೆ ಹೋಗುತ್ತಾರೆ. ಧಾರವಾಡ, ಕಲಬುರಗಿಗಳಲ್ಲಿ ಹೈಕೋರ್ಟ್ ಪೀಠಗಳಿವೆ. ಮೈಸೂರಿನವರಿಗೆ ಬೆಂಗಳೂರೇ ಗತಿ. ವಿಚಾರಣೆಯ ದಿನ ಬೆಳಗಿನ ರೈಲು ಹಿಡಿಯಬೇಕು, ಅಂದಿನ ಪಾಠ ತಪ್ಪುತ್ತದೆ. ಹತ್ತಾರು ಜನ ಸೇರಿ ಹಣ ಕೂಡಿಸಿ ಒಂದೇ ಅರ್ಜಿ ಹಾಕುವುದು ಇದಕ್ಕಾಗಿಯೇ.

ಕರ್ನಾಟಕದಿಂದ ಹೋದ ನಾಲ್ಕು ಪ್ರಕರಣಗಳು

ಹಂಗಾಮಿ ನೌಕರಿಯ ಬಗ್ಗೆ ಇಡೀ ಭಾರತ ಇಂದು ಓದುವ ಕಾನೂನಿನ ಮುಖ್ಯ ಭಾಗ ಕರ್ನಾಟಕದ ಪ್ರಕರಣಗಳಿಂದ ಹುಟ್ಟಿದ್ದು.

ಮೊದಲನೆಯದು 1990ರ ಫೆಬ್ರವರಿಯದು. ಧಾರವಾಡ ಜಿಲ್ಲೆಯ ಲೋಕೋಪಯೋಗಿ ಇಲಾಖೆಯ ಸಾಕ್ಷರ ದಿನಗೂಲಿ ನೌಕರರ ಸಂಘ ಹೂಡಿದ್ದ ಪ್ರಕರಣದಲ್ಲಿ, 1984ರ ಜುಲೈ 1ಕ್ಕೆ ಮುಂಚೆ ಸೇರಿದ್ದ ಸುಮಾರು 50,000 ದಿನಗೂಲಿಗಳನ್ನು ಹಂತಹಂತವಾಗಿ ಸಕ್ರಮಗೊಳಿಸುವ ಯೋಜನೆಯನ್ನು ಸುಪ್ರೀಂ ಕೋರ್ಟ್ ರೂಪಿಸಿಕೊಟ್ಟಿತು. ಎಲ್ಲರನ್ನೂ ಒಂದೇ ಸಲ ಕಾಯಂ ಮಾಡಲು ಸರ್ಕಾರದ ಬಳಿ ಹಣ ಸಾಲದು ಎಂಬುದನ್ನು ಒಪ್ಪಿಕೊಂಡೇ, ಹಾಗೆಂದು ಕೈಕಟ್ಟಿ ಕೂರುವಂತಿಲ್ಲ ಎಂಬ ನಿಲುವು ಅದರದು.

ಎರಡನೆಯದು ಅಧ್ಯಾಪಕರದೇ. ಕರ್ನಾಟಕ ರಾಜ್ಯ ಖಾಸಗಿ ಕಾಲೇಜುಗಳ ಹಂಗಾಮಿ ಉಪನ್ಯಾಸಕರ ಸಂಘದ ಪ್ರಕರಣದಲ್ಲಿ 1992ರ ಜನವರಿಯಲ್ಲಿ ಬಂದ ತೀರ್ಪು. ಅನುದಾನಿತ ಖಾಸಗಿ ಕಾಲೇಜುಗಳು ಮೂರು ತಿಂಗಳಿಗೆಂದು ಉಪನ್ಯಾಸಕರನ್ನು ನೇಮಿಸಿಕೊಂಡು, ಒಂದೆರಡು ದಿನ ಬಿಡುವು ಕೊಟ್ಟು, ಮತ್ತೆ ಮೂರು ತಿಂಗಳಿಗೆ ಅವರನ್ನೇ ನೇಮಿಸಿಕೊಳ್ಳುತ್ತಿದ್ದವು. ಹೀಗೆ ಎಂಟು ಹತ್ತು ವರ್ಷ ದುಡಿದವರಿದ್ದರು. ಅವರಿಗೆ ಕೊಡುತ್ತಿದ್ದ ನಿಗದಿತ ಸಂಬಳ ಕಾಯಂ ಉಪನ್ಯಾಸಕರ ಕನಿಷ್ಠ ವೇತನಕ್ಕಿಂತ ಹತ್ತು ರೂಪಾಯಿ ಕಡಿಮೆ. ಇಬ್ಬರೂ ಮಾಡುವ ಕೆಲಸ ಒಂದೇ ಆಗಿರುವಾಗ ಈ ಹತ್ತು ರೂಪಾಯಿ ಕಡಿತಕ್ಕೆ ಯಾವ ಸಮರ್ಥನೆಯೂ ಇಲ್ಲ, ಇದು ಸಮಾನತೆಯ 14ನೇ ವಿಧಿಗೆ ವಿರುದ್ಧ ಎಂದು ನ್ಯಾಯಾಲಯ ಹೇಳಿತು. ಮೂರು ವರ್ಷ ಕೆಲಸ ಮಾಡಿದವರನ್ನು, ನಡುವಿನ ಬಿಡುವನ್ನೂ ಲೆಕ್ಕಕ್ಕೆ ಹಿಡಿದು, ತೆಗೆಯಬಾರದು. ಹುದ್ದೆ ಖಾಲಿಯಾದಂತೆ ಸೇರಿಸಿಕೊಳ್ಳಬೇಕು. ರಜೆಯ ಅವಧಿಯಲ್ಲೂ ಸೇವೆ ಮುಂದುವರಿಯಬೇಕು. ತೀರ್ಪಿನ ದಿನದಿಂದ ಪ್ರತಿಯೊಬ್ಬ ಹಂಗಾಮಿ ಅಧ್ಯಾಪಕರಿಗೂ ಕಾಯಂ ಅಧ್ಯಾಪಕರಷ್ಟೇ ಸಂಬಳ ಸಲ್ಲಬೇಕು ಎಂದು ಆದೇಶಿಸಿತು. ಅದಕ್ಕೂ ಮುಂಚೆ, 1985ರ ರತನ್ ಲಾಲ್ ಪ್ರಕರಣದಲ್ಲಿ, ಬೇಸಿಗೆ ರಜೆಗೆ ಮುನ್ನ ಅಧ್ಯಾಪಕರನ್ನು ತೆಗೆದು ರಜೆ ಮುಗಿದ ಮೇಲೆ ಮತ್ತೆ ಸೇರಿಸಿಕೊಳ್ಳುತ್ತಿದ್ದ ಹರಿಯಾಣದ ಪದ್ಧತಿಯನ್ನು ಇದೇ ನ್ಯಾಯಾಲಯ ಖಂಡಿಸಿತ್ತು. ಮೂರು ತಿಂಗಳ ನೇಮಕದ ಜಾಗದಲ್ಲಿ ಈಗ ಸೆಮಿಸ್ಟರ್ ನೇಮಕ ಬಂದಿದೆ ಎನ್ನುವುದನ್ನು ಬಿಟ್ಟರೆ, ಆ ಎರಡು ತೀರ್ಪುಗಳು ಬಣ್ಣಿಸಿದ ಸ್ಥಿತಿಗೂ ಇಂದಿನದಕ್ಕೂ ಹೆಚ್ಚು ದೂರವಿಲ್ಲ.

ಮೂರನೆಯದು 2006ರ ಏಪ್ರಿಲ್ 10ರಂದು ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠ ಕೊಟ್ಟದ್ದು: ಕರ್ನಾಟಕ ರಾಜ್ಯ ಮತ್ತು ಉಮಾದೇವಿ ಪ್ರಕರಣ. ರಾಜ್ಯದ ಕೆಲವು ಜಿಲ್ಲೆಗಳ ವಾಣಿಜ್ಯ ತೆರಿಗೆ ಇಲಾಖೆಯಲ್ಲಿ 1985-86ರಿಂದ ದಿನಗೂಲಿಯ ಮೇಲಿದ್ದವರು ಕಾಯಂ ನೇಮಕ ಕೇಳಿದ್ದರು. ಆಡಳಿತ ನ್ಯಾಯಮಂಡಳಿ ಒಪ್ಪಲಿಲ್ಲ, ಹೈಕೋರ್ಟ್ ಒಪ್ಪಿತು, ಸರ್ಕಾರ ದೆಹಲಿಗೆ ಹೋಯಿತು. ಸಾರ್ವಜನಿಕ ಹುದ್ದೆಗೆ ಎಲ್ಲರಿಗೂ ಸಮಾನ ಅವಕಾಶ ಇರಬೇಕು. ಪ್ರಕಟಣೆ, ಸ್ಪರ್ಧೆ, ಆಯ್ಕೆ ಇಲ್ಲದೆ ಹಿಂಬಾಗಿಲಿನಿಂದ ಬಂದವರನ್ನು ಬಹಳ ಕಾಲ ದುಡಿದರೆಂಬ ಒಂದೇ ಕಾರಣಕ್ಕೆ ಕಾಯಂ ಮಾಡಿ ಎಂದು ನ್ಯಾಯಾಲಯಗಳು ಆದೇಶಿಸುವಂತಿಲ್ಲ ಎಂದು ಪೀಠ ತೀರ್ಪಿತ್ತಿತು. ಇದಕ್ಕೆ ವಿರುದ್ಧವಾದ ಹಿಂದಿನ ತೀರ್ಪುಗಳಿಗೆ ಇನ್ನು ಮುಂದೆ ಪೂರ್ವನಿದರ್ಶನದ ಬಲವಿಲ್ಲ ಎಂದೂ ಸೇರಿಸಿತು. 1992ರ ತೀರ್ಪಿನ ‘ಸೇರಿಸಿಕೊಳ್ಳಬೇಕು’ ಎಂಬ ಭಾಗ ಹೀಗೆ ಮಸುಕಾಯಿತು.

ಆದರೆ ಉಮಾದೇವಿ ತೀರ್ಪಿನ 53ನೇ ಪರಿಚ್ಛೇದ ಒಂದು ಕಿಟಕಿಯನ್ನು ತೆರೆದಿಟ್ಟಿತು. ಮಂಜೂರಾದ ಖಾಲಿ ಹುದ್ದೆಯಲ್ಲಿ, ಅರ್ಹತೆಯುಳ್ಳವರಾಗಿ, ನ್ಯಾಯಾಲಯದ ಆದೇಶದ ನೆರವಿಲ್ಲದೆ ಹತ್ತು ವರ್ಷ ಅಥವಾ ಹೆಚ್ಚು ಕಾಲ ಕೆಲಸ ಮಾಡಿದವರನ್ನು ಒಂದು ಸಲದ ಕ್ರಮವಾಗಿ ಸಕ್ರಮಗೊಳಿಸಬಹುದು. ಕಾನೂನುಬಾಹಿರ ನೇಮಕ ಬೇರೆ, ಕ್ರಮ ತಪ್ಪಿದ ನೇಮಕ ಬೇರೆ ಎಂಬ ಭೇದವನ್ನು ಅದು ಮಾಡಿತು. ಅತಿಥಿ ಉಪನ್ಯಾಸಕರ ಅರ್ಜಿಗಳೆಲ್ಲ ಈ ಕಿಟಕಿಯ ಒಂದೊಂದು ಸರಳಿಗೂ ತಾಗಿ ನಿಲ್ಲುತ್ತವೆ. ಮಂಜೂರಾದ ಹುದ್ದೆ ಎಂದರೆ, ನೀವು ಕಾರ್ಯಭಾರದ ಮೇಲೆ ಬಂದವರು ಎಂಬ ಉತ್ತರ. ಹತ್ತು ವರ್ಷ ಎಂದರೆ, ಪ್ರತಿ ವರ್ಷ ಮುರಿದಿದೆಯಲ್ಲ ಎಂಬ ಉತ್ತರ. ಕೆಲಸ ಕಳೆದುಕೊಳ್ಳುವ ಹೊತ್ತಿನಲ್ಲಿ ತಡೆಯಾಜ್ಞೆ ತಂದು ಉಳಿದುಕೊಂಡರೆ, ಆ ವರ್ಷಗಳು ನ್ಯಾಯಾಲಯದ ಆದೇಶದಿಂದ ಸಿಕ್ಕವು, ಲೆಕ್ಕಕ್ಕಿಲ್ಲ ಎಂಬ ಉತ್ತರ. ನ್ಯಾಯಾಲಯಕ್ಕೆ ಹೋದದ್ದೇ ನ್ಯಾಯ ಸಿಗದಿರಲು ಕಾರಣವಾಗುವ ಈ ಸಂಕಟವನ್ನು ಅನುಭವಿಸಿದವರೇ ಬಲ್ಲರು.

ನಾಲ್ಕನೆಯದು 2010ರ ಎಂ.ಎಲ್. ಕೇಸರಿ ಪ್ರಕರಣ, ಗದಗ ಜಿಲ್ಲಾ ಪಂಚಾಯಿತಿಯ ನೌಕರರದು. ನ್ಯಾಯಮೂರ್ತಿ ಆರ್.ವಿ. ರವೀಂದ್ರನ್ ಅವರಿದ್ದ ಪೀಠ, ಒಂದು ಸಲದ ಕ್ರಮ ಎಂದರೆ ಅರ್ಹರೆಲ್ಲರನ್ನೂ ಪರಿಶೀಲಿಸಿದ ಮೇಲಷ್ಟೇ ಮುಗಿಯುವ ಕೆಲಸ, ಇಲಾಖೆಯು ಕೆಲವರನ್ನು ಬಿಟ್ಟು, ಅವಧಿ ಮುಗಿಯಿತೆಂದು ಹೇಳಿ ತಪ್ಪಿಸಿಕೊಳ್ಳುವಂತಿಲ್ಲ ಎಂದು ವಿವರಿಸಿತು. ರಾಜ್ಯ ಸರ್ಕಾರ 2012ರಲ್ಲಿ ದಿನಗೂಲಿ ನೌಕರರ ಕ್ಷೇಮಾಭಿವೃದ್ಧಿ ಕಾಯ್ದೆಯನ್ನೂ ತಂದಿತು. ಅದರಡಿ ಹಳೆಯ ದಿನಗೂಲಿಗಳಿಗೆ ನಿವೃತ್ತಿಯವರೆಗೆ ಕೆಲಸದ ಭರವಸೆ ಸಿಕ್ಕಿತು. ಅತಿಥಿ ಉಪನ್ಯಾಸಕರಿಗೆ ಅಂಥ ಕಾಯ್ದೆ ಬರಲಿಲ್ಲ.

ಸರ್ಕಾರದ ವಾದದಲ್ಲಿ ಹುರುಳೇ ಇಲ್ಲ ಎನ್ನುವುದು ತಪ್ಪಾಗುತ್ತದೆ. ಮೀಸಲಾತಿಯ ರೋಸ್ಟರ್ ಅನುಸರಿಸಿ ಆಯ್ಕೆಯಾಗದವರನ್ನು ಒಟ್ಟಿಗೆ ಕಾಯಂ ಮಾಡಿದರೆ ಪರಿಶಿಷ್ಟ ಜಾತಿ, ಪಂಗಡ, ಹಿಂದುಳಿದ ವರ್ಗಗಳ ಅಭ್ಯರ್ಥಿಗಳಿಗೆ ಹೋಗಬೇಕಾದ ಹುದ್ದೆಗಳು ತಪ್ಪಬಹುದು. ಈಗಷ್ಟೇ ರಾಷ್ಟ್ರೀಯ ಅರ್ಹತಾ ಪರೀಕ್ಷೆಯಾದ ನೆಟ್ ಅಥವಾ ಕೆ-ಸೆಟ್ ಪಾಸಾಗಿ ಪ್ರಕಟಣೆಗಾಗಿ ಕಾದಿರುವ ಯುವಕರೂ ಈ ಸಮಾಜದ ಮಕ್ಕಳೇ. ಈ ಆಕ್ಷೇಪ ಕಾಯಂ ನೇಮಕದ ಪ್ರಶ್ನೆಗೆ ಸರಿಯಾಗಿ ತಾಗುತ್ತದೆ. ಸಂಬಳದ ಪ್ರಶ್ನೆಗೆ ಅದು ತಾಗುವುದೇ ಇಲ್ಲ. ಇವೆರಡನ್ನು ಬೇರೆ ಬೇರೆಯಾಗಿ ನೋಡದೆ ಇದ್ದದ್ದೇ ಇಷ್ಟು ವರ್ಷಗಳ ಗೊಂದಲಕ್ಕೆ ಕಾರಣ. ಸರ್ಕಾರ ಎತ್ತಿ ಹಿಡಿಯುವ ಉಮಾದೇವಿ ತೀರ್ಪಿನಲ್ಲೇ, ಆ ದಿನಗೂಲಿಗಳಿಗೆ ಅವರ ವರ್ಗದ ಕಾಯಂ ನೌಕರರ ಕನಿಷ್ಠ ಸಂಬಳವನ್ನು ಹೈಕೋರ್ಟ್ ತೀರ್ಪಿನ ದಿನದಿಂದ ಕೊಡಬೇಕೆಂಬ ಆದೇಶವಿದೆ. ನಿಯಮಿತ ನೇಮಕ ನಡೆಯುವಾಗ ಅವರ ವಯೋಮಿತಿಯನ್ನು ಸಡಿಲಿಸಿ, ಸೇವೆಗೆ ಸೂಕ್ತ ಕೃಪಾಂಕ ಕೊಡಬೇಕೆಂಬ ಮಾತೂ ಇದೆ. ಆ ಪುಟಗಳನ್ನು ತಿರುವುವವರು ಕಡಿಮೆ.

ವೇತನದ ದಾರಿ

ಕಾಯಂ ಹುದ್ದೆಯ ದಾರಿ ಹೀಗೆ ಇಕ್ಕಟ್ಟಾದ ಮೇಲೆ ಸಮಾನ ಕೆಲಸಕ್ಕೆ ಸಮಾನ ವೇತನದ ದಾರಿ ಅಗಲವಾಗುತ್ತ ಬಂದಿದೆ. 2016ರ ಅಕ್ಟೋಬರಿನಲ್ಲಿ ಜಗಜೀತ್ ಸಿಂಗ್ ಪ್ರಕರಣದಲ್ಲಿ, ಕಾಯಂ ನೌಕರರ ಕೆಲಸವನ್ನೇ ಮಾಡುವ ಹಂಗಾಮಿ ನೌಕರರಿಗೆ ಆ ಹುದ್ದೆಯ ವೇತನ ಶ್ರೇಣಿಯ ಕನಿಷ್ಠ ಸಲ್ಲಬೇಕು ಎಂದು ಸುಪ್ರೀಂ ಕೋರ್ಟ್ ಹೇಳಿತು. 2022ರಲ್ಲಿ ಮಧ್ಯಪ್ರದೇಶದ ಅತಿಥಿ ಅಧ್ಯಾಪಕರ ಪ್ರಕರಣವೊಂದರಲ್ಲಿ, ಒಬ್ಬ ಅತಿಥಿಯನ್ನು ತೆಗೆದು ಆ ಜಾಗಕ್ಕೆ ಇನ್ನೊಬ್ಬ ಅತಿಥಿಯನ್ನು ತರುವಂತಿಲ್ಲ, ಕಾಯಂ ಅಧ್ಯಾಪಕರು ಬಂದಾಗ ಮಾತ್ರ ಜಾಗ ಬಿಡಬೇಕು ಎಂಬ ಹಳೆಯ ತತ್ವವನ್ನು ಎತ್ತಿ ಹಿಡಿಯಿತು. 2024ರ ಡಿಸೆಂಬರಿನ ಜಗ್ಗೋ ಪ್ರಕರಣ ಕೇಂದ್ರ ಜಲ ಆಯೋಗದ ಕಸಗುಡಿಸುವವರದು, ತೋಟದವರದು. ಅಲ್ಲಿ ನ್ಯಾಯಾಲಯ, ಹಿಂಬಾಗಿಲ ನೇಮಕ ತಡೆಯಲು ಬಂದ ಉಮಾದೇವಿ ತೀರ್ಪನ್ನು ದೀರ್ಘಕಾಲ ಪ್ರಾಮಾಣಿಕವಾಗಿ ದುಡಿದವರ ಹಕ್ಕನ್ನು ಕಸಿಯುವ ಆಯುಧವಾಗಿ ಸಂಸ್ಥೆಗಳು ಬಳಸುತ್ತಿವೆ ಎಂದು ಸ್ಪಷ್ಟವಾಗಿ ಗುರುತಿಸಿತು.

ಅಧ್ಯಾಪಕರಿಗೆ ಎಲ್ಲಕ್ಕಿಂತ ಹತ್ತಿರದ ತೀರ್ಪು 2025ರ ಆಗಸ್ಟ್ 22ರದು. ಗುಜರಾತಿನ ಸರ್ಕಾರಿ ಕಾಲೇಜುಗಳ ಗುತ್ತಿಗೆ ಸಹಾಯಕ ಪ್ರಾಧ್ಯಾಪಕರು ತಿಂಗಳಿಗೆ 30,000 ರೂಪಾಯಿಗೆ ದುಡಿಯುತ್ತಿದ್ದರು. ಶಾ ಸಮೀರ್ ಭರತಭಾಯಿ ಹೆಸರಿನ ಆ ಪ್ರಕರಣದಲ್ಲಿ ನ್ಯಾಯಮೂರ್ತಿಗಳಾದ ಪಿ.ಎಸ್. ನರಸಿಂಹ ಮತ್ತು ಜೊಯ್‌ಮಾಲ್ಯ ಬಾಗ್ಚಿ ಅವರ ಪೀಠ ಸಹಾಯಕ ಪ್ರಾಧ್ಯಾಪಕರ ಕನಿಷ್ಠ ವೇತನ ಶ್ರೇಣಿಯನ್ನು ಅವರಿಗೆ ಕೊಡಲು ಆದೇಶಿಸಿತು. ಅರ್ಜಿ ಹಾಕಿದ ದಿನಕ್ಕೆ ಮೂರು ವರ್ಷ ಹಿಂದಿನಿಂದ ಶೇಕಡ 8ರ ಬಡ್ಡಿ ಸಹಿತ ಬಾಕಿಯನ್ನೂ ಕೊಡಲು ಹೇಳಿತು. ಸಮಾರಂಭಗಳಲ್ಲಿ ಗುರುವನ್ನು ದೇವರೆಂದು ಹೊಗಳುವ ಶ್ಲೋಕ ಹೇಳಿದರೆ ಸಾಲದು, ಆ ಗೌರವ ಅವರನ್ನು ನಡೆಸಿಕೊಳ್ಳುವ ರೀತಿಯಲ್ಲಿ ಕಾಣಬೇಕು ಎಂಬ ಅರ್ಥದ ಮಾತು ಆ ತೀರ್ಪಿನಲ್ಲಿದೆ.

ವಿಶ್ವವಿದ್ಯಾಲಯ ಅನುದಾನ ಆಯೋಗದ (ಯುಜಿಸಿ) ನಿಯಮಗಳೂ ಉಪನ್ಯಾಸಕರ ಪರವಾಗಿಯೇ ಇವೆ. 2018ರ ಜುಲೈ 18ರ ನಿಯಮಾವಳಿಯ ಪ್ರಕಾರ ಗುತ್ತಿಗೆ ಅಧ್ಯಾಪಕರ ಸಂಖ್ಯೆ ಒಟ್ಟು ಬೋಧಕ ಹುದ್ದೆಗಳ ಶೇಕಡ 10 ಮೀರಬಾರದು, ಅವರ ಸಂಬಳ ಕಾಯಂ ಸಹಾಯಕ ಪ್ರಾಧ್ಯಾಪಕರ ಒಟ್ಟು ಮಾಸಿಕ ಸಂಬಳಕ್ಕಿಂತ ಕಡಿಮೆ ಇರಬಾರದು. 2019ರ ಜನವರಿಯ ಸುತ್ತೋಲೆ ಅತಿಥಿ ಬೋಧಕರಿಗೆ ಒಂದು ತರಗತಿಗೆ 1,500 ರೂಪಾಯಿ, ತಿಂಗಳಿಗೆ ಗರಿಷ್ಠ 50,000 ಎಂದು ನಿಗದಿ ಮಾಡಿತು. ಗುತ್ತಿಗೆ ಅಧ್ಯಾಪಕರಿಗೆ ಪೂರ್ಣ ಸಂಬಳ, ಅತಿಥಿ ಬೋಧಕರಿಗೆ ಗಂಟೆಯ ಲೆಕ್ಕ. ಸರ್ಕಾರಗಳು ಎರಡನೆಯ ಹೆಸರನ್ನೇ ಏಕೆ ಆರಿಸಿಕೊಂಡವು ಎಂಬುದನ್ನು ಇಲ್ಲಿ ಕಾಣಬಹುದು. 2025ರ ಜನವರಿಯಲ್ಲಿ ಆಯೋಗ ಹೊರಡಿಸಿದ ಕರಡು ನಿಯಮಾವಳಿ ಆ ಶೇಕಡ 10ರ ಮಿತಿಯನ್ನೇ ಕೈಬಿಡಲು ಹೊರಟಿತು. ಕುಲಪತಿಗಳ ನೇಮಕದ ವಿಷಯದಲ್ಲಿ ಆ ಕರಡನ್ನು ಕರ್ನಾಟಕ ಸರ್ಕಾರ ಜೋರಾಗಿ ವಿರೋಧಿಸಿತು. ಗುತ್ತಿಗೆಯ ಮಿತಿಯ ವಿಷಯದಲ್ಲಿ ಅಷ್ಟೇ ದನಿ ಏಳಬೇಕಿತ್ತು.

ಬೀದಿಯಲ್ಲಿ ಸಿಕ್ಕದ್ದು

ಕರ್ನಾಟಕದಲ್ಲಿ ಗೌರವಧನ ಹೆಚ್ಚಿದ್ದೆಲ್ಲ ಹೆಚ್ಚಾಗಿ ಮುಷ್ಕರದಿಂದ. 2021ರ ಡಿಸೆಂಬರಿನಲ್ಲಿ ತರಗತಿ ಬಹಿಷ್ಕಾರ ಶುರುವಾದಾಗ ಸರ್ಕಾರಿ ಪದವಿ ಕಾಲೇಜುಗಳ ಅತಿಥಿ ಉಪನ್ಯಾಸಕರಿಗೆ ಸಿಗುತ್ತಿದ್ದದ್ದು ತಿಂಗಳಿಗೆ 11,000ದಿಂದ 13,000 ರೂಪಾಯಿ. 2022ರ ಜನವರಿಯಲ್ಲಿ ಉನ್ನತ ಶಿಕ್ಷಣ ಸಚಿವರಾಗಿದ್ದ ಸಿ.ಎನ್. ಅಶ್ವತ್ಥನಾರಾಯಣ ಅವರು ಅದನ್ನು ಅರ್ಹತೆ ಮತ್ತು ಸೇವೆಗೆ ತಕ್ಕಂತೆ 26,000ದಿಂದ 32,000ಕ್ಕೆ ಏರಿಸಿದರು. ದೊಡ್ಡ ಏರಿಕೆಯೇ. ಜೊತೆಗೆ ಒಬ್ಬೊಬ್ಬರ ಕಾರ್ಯಭಾರವನ್ನು ವಾರಕ್ಕೆ 15 ಗಂಟೆಗೆ ಹೆಚ್ಚಿಸಲಾಯಿತು. ಇಬ್ಬರು ಹಂಚಿಕೊಂಡಿದ್ದ ಗಂಟೆಗಳು ಒಬ್ಬರಿಗೆ ಹೋದವು, ಸಾವಿರಾರು ಜನ ಕೆಲಸ ಕಳೆದುಕೊಂಡರು. ಅದೇ ವೇಳೆಗೆ ಪದವಿ ಕಾಲೇಜುಗಳ 1,242 ಸಹಾಯಕ ಪ್ರಾಧ್ಯಾಪಕ ಹುದ್ದೆಗಳಿಗೆ ಪ್ರಕಟಣೆಯಾಗಿ ಪರೀಕ್ಷೆ ನಡೆಯಿತು. ಆಯ್ಕೆಯಾದವರು ಬಂದು ಸೇರಿದ ಕಾಲೇಜುಗಳಲ್ಲಿ ಅತಿಥಿಗಳ ಗಂಟೆ ಇನ್ನಷ್ಟು ಕುಗ್ಗಿತು. ಕಾಯಂ ನೇಮಕ ಆಗಲೇಬೇಕಾದದ್ದು. ಅದರಿಂದ ಜಾಗ ಕಳೆದುಕೊಂಡ ಹಳಬರಿಗೆ ಏನು ವ್ಯವಸ್ಥೆ ಎಂಬುದನ್ನು ಯಾವ ಆದೇಶವೂ ಹೇಳಲಿಲ್ಲ.

2023ರ ನವೆಂಬರ್ 23ರಿಂದ ಮತ್ತೊಂದು ಅನಿರ್ದಿಷ್ಟಾವಧಿ ಮುಷ್ಕರ. ರಾಜ್ಯದ ಹತ್ತು ಸಾವಿರಕ್ಕೂ ಹೆಚ್ಚು ಅತಿಥಿ ಉಪನ್ಯಾಸಕರ ಬೇಡಿಕೆ ಈ ಸಲ ಒಂದೇ: ಸೇವೆ ಕಾಯಂ ಆಗಬೇಕು. ಮೈಸೂರಿನ ಯುವರಾಜ ಕಾಲೇಜಿನಲ್ಲಿ ಓದಿದ ಸಿದ್ದರಾಮಯ್ಯನವರು ಆಗ ಮುಖ್ಯಮಂತ್ರಿ. ಡಿಸೆಂಬರ್ ಕೊನೆಗೆ ಸಚಿವ ಎಂ.ಸಿ. ಸುಧಾಕರ್ ಅವರು ಸರ್ಕಾರದ ಉತ್ತರ ಪ್ರಕಟಿಸಿದರು. ಸೇವಾವಧಿಗೆ ತಕ್ಕಂತೆ 5,000ದಿಂದ 8,000 ರೂಪಾಯಿ ಹೆಚ್ಚಳ, 60 ವರ್ಷ ತುಂಬಿದಾಗ 5 ಲಕ್ಷ ರೂಪಾಯಿ ಇಡಿಗಂಟು, 5 ಲಕ್ಷದ ಆರೋಗ್ಯ ವಿಮೆ, ತಿಂಗಳಿಗೆ ಒಂದು ದಿನ ಸಂಬಳ ಸಹಿತ ರಜೆ, ಮಹಿಳೆಯರಿಗೆ ಮೂರು ತಿಂಗಳ ಹೆರಿಗೆ ರಜೆ. ಕಾಯಂ ನೇಮಕಕ್ಕೆ ಕಾನೂನಿನ ತೊಡಕಿದೆ ಎಂಬ ಹಳೆಯ ಮಾತೇ ಉಳಿಯಿತು. ಬೇಡಿಕೆ ಈಡೇರದವರು ಹೊಸ ವರ್ಷದ ಮೊದಲ ದಿನ ತುಮಕೂರಿನ ಸಿದ್ಧಗಂಗಾ ಮಠದಿಂದ ಬೆಂಗಳೂರಿಗೆ ಪಾದಯಾತ್ರೆ ಹೊರಟರು. ಹೆರಿಗೆ ರಜೆ ಬಂದದ್ದು ಒಳ್ಳೆಯದೇ ಆದರೂ, ದೇಶದ ಹೆರಿಗೆ ಸೌಲಭ್ಯ ಕಾನೂನು 2017ರಿಂದ ಕೊಡುವುದು 26 ವಾರ ಎಂಬುದನ್ನು ಮರೆಯಬಾರದು.

ಅರ್ಹತೆಯ ಪ್ರಶ್ನೆ ಉಪನ್ಯಾಸಕರನ್ನೇ ಎರಡು ಗುಂಪು ಮಾಡಿದೆ. ಯುಜಿಸಿ ನಿಯಮಾವಳಿಯಂತೆ ನೆಟ್, ಸೆಟ್ ಅಥವಾ ಪಿಎಚ್.ಡಿ. ಇದ್ದವರನ್ನೇ ನೇಮಿಸಬೇಕು ಎಂದು ಒಂದು ಕಡೆಯವರು ಹೈಕೋರ್ಟಿಗೆ ಹೋದರು. ಸ್ನಾತಕೋತ್ತರ ಪದವಿಯ ಮೇಲೆ ಹತ್ತಾರು ವರ್ಷ ದುಡಿದ ಇನ್ನೊಂದು ಕಡೆಯವರು, ನಮ್ಮನ್ನು ತೆಗೆದುಕೊಂಡಾಗ ಕೇಳದ ಅರ್ಹತೆಯನ್ನು ಐವತ್ತರ ವಯಸ್ಸಿನಲ್ಲಿ ಕೇಳುತ್ತೀರಾ ಎನ್ನುತ್ತಾರೆ. ಈ ವ್ಯಾಜ್ಯದ ನಡುವೆ 2025-26ರ ನೇಮಕ ತಿಂಗಳುಗಟ್ಟಲೆ ತಡವಾಗಿ, ಪಾಠವಿಲ್ಲದೆ ಕೂತದ್ದು ಸರ್ಕಾರಿ ಕಾಲೇಜಿನ ಮಕ್ಕಳು. ವಿದ್ಯಾರ್ಥಿಗಳಿಗೆ ಅರ್ಹ ಅಧ್ಯಾಪಕರು ಬೇಕು ಎಂಬುದರಲ್ಲಿ ಎರಡು ಮಾತಿಲ್ಲ. ಆದರೆ ಅಗ್ಗಕ್ಕೆ ಸಿಗುತ್ತಾರೆಂದು ಎರಡು ದಶಕ ದುಡಿಸಿಕೊಂಡು, ಈಗ ಅರ್ಹತೆ ಸಾಲದು ಎಂದು ಕೈಬಿಡುವುದಾದರೆ ಆ ಎರಡು ದಶಕದ ಹೊಣೆ ನೇಮಿಸಿಕೊಂಡವರ ಮೇಲೂ ಇದೆ. ಅರ್ಹತೆ ಪಡೆಯಲು ಕಾಲಾವಕಾಶ, ಸಂಶೋಧನೆಗೆ ನೆರವು ಕೊಡಬಹುದಿತ್ತು.

ಬೇರೆ ಕಡೆಗಳಲ್ಲಿ

ಹರಿಯಾಣ 2024ರಲ್ಲಿ ತನ್ನ ವಿಸ್ತರಣಾ ಮತ್ತು ಅತಿಥಿ ಉಪನ್ಯಾಸಕರಿಗೆ ಸೇವಾ ಭದ್ರತೆಯ ಕಾನೂನು ಮಾಡಿ, ಐದು ವರ್ಷ ಪೂರೈಸಿದ ಅರ್ಹರಿಗೆ ನಿವೃತ್ತಿಯವರೆಗೆ ಕೆಲಸ ಖಾತ್ರಿಗೊಳಿಸಿತು. ಉಮಾದೇವಿ ತೀರ್ಪು ಕಟ್ಟಿದ್ದು ನ್ಯಾಯಾಲಯಗಳ ಕೈಯನ್ನು. ಶಾಸನಸಭೆ ಮನಸ್ಸು ಮಾಡಿದರೆ ದಾರಿಯುಂಟು ಎಂಬುದಕ್ಕೆ ಇದು ಸಾಕ್ಷಿ. ಇಟಲಿಯ ವಿಶ್ವವಿದ್ಯಾಲಯಗಳಲ್ಲಿ ವಿದೇಶಿ ಭಾಷೆ ಕಲಿಸುವ ‘ಲೆತ್ತೋರಿ’ ಎಂಬ ಅಧ್ಯಾಪಕರ ಕಥೆ ಇನ್ನೂ ಉದ್ದ. ವೆನಿಸ್ ವಿಶ್ವವಿದ್ಯಾಲಯದ ಇಬ್ಬರು ಹೂಡಿದ ಪ್ರಕರಣದಲ್ಲಿ ಐರೋಪ್ಯ ನ್ಯಾಯಾಲಯ 1989ರಲ್ಲೇ ಅವರ ಪರ ನಿಂತಿತು. ಆಮೇಲೂ ತೀರ್ಪಿನ ಮೇಲೆ ತೀರ್ಪು ಬಂದವು, 2023ರಲ್ಲಿ ಐರೋಪ್ಯ ಆಯೋಗ ಇಟಲಿಯನ್ನು ಮತ್ತೆ ಅದೇ ನ್ಯಾಯಾಲಯದ ಮುಂದೆ ನಿಲ್ಲಿಸಬೇಕಾಯಿತು. ಗೆದ್ದ ತೀರ್ಪು ಕೈಗೆ ಬರುವ ಸಂಬಳವಾಗಲು ಎಷ್ಟು ಕಾಲ ಹಿಡಿಯಬಹುದು ಎಂಬುದಕ್ಕೆ ಇದಕ್ಕಿಂತ ದೊಡ್ಡ ಉದಾಹರಣೆ ಬೇಡ.

ಲೆಕ್ಕ

ಏಳನೇ ವೇತನ ಆಯೋಗದ ಯುಜಿಸಿ ಶ್ರೇಣಿಯಲ್ಲಿ ಸಹಾಯಕ ಪ್ರಾಧ್ಯಾಪಕರ ಆರಂಭದ ಮೂಲವೇತನ 57,700 ರೂಪಾಯಿ; ತುಟ್ಟಿಭತ್ಯೆ, ಮನೆ ಬಾಡಿಗೆ ಭತ್ಯೆ ಅದರ ಮೇಲೆ. 2024ರ ಜನವರಿಯ ಹೆಚ್ಚಳದ ನಂತರ ಯುಜಿಸಿ ಅರ್ಹತೆಯಿದ್ದು 15 ವರ್ಷಕ್ಕೂ ಹೆಚ್ಚು ಕಾಲ ಸರ್ಕಾರಿ ಪದವಿ ಕಾಲೇಜಿನಲ್ಲಿ ಪಾಠ ಮಾಡಿದ ಅತಿಥಿ ಉಪನ್ಯಾಸಕರ ಗರಿಷ್ಠ ಗೌರವಧನ 40,000 ರೂಪಾಯಿ, ಅದೂ ಕೆಲಸವಿರುವ ತಿಂಗಳುಗಳಿಗೆ ಮಾತ್ರ. ಮೂಲವೇತನದೊಂದಿಗೆ ಹೋಲಿಸಿದರೂ ವ್ಯತ್ಯಾಸ 17,700 ರೂಪಾಯಿ. 1992ರಲ್ಲಿ ಇದೇ ರಾಜ್ಯದ ಉಪನ್ಯಾಸಕರ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಸಂವಿಧಾನಕ್ಕೆ ವಿರುದ್ಧ ಎಂದು ಸಾರಿದ್ದು ಹತ್ತು ರೂಪಾಯಿಯ ವ್ಯತ್ಯಾಸವನ್ನು.